ಟಪಾಲಿನ ಪೆಟ್ಟಿಗೆಯಲ್ಲಿ ಜೇಡ

ಜೀವವುಳ್ಳ ಪ್ರಾಣಿಗಳನ್ನು ಸರಕಿನಂತೆ ಕಟ್ಟಿ ಕಳುಹಿಸುವ ವ್ಯಾಪಾರವು ಈಚಿನ ವರ್ಷಗಳಲ್ಲಿ ಎಷ್ಟು ದೂರ ಹೋಗಿದೆಯೆಂಬುದಕ್ಕೆ, ೨೦೨೫ನೆಯ ಇಸವಿ ಜುಲೈ ತಿಂಗಳಲ್ಲಿ ಜರ್ಮನಿಯ ಸುಂಕಾಧಿಕಾರಿಗಳು ಪ್ರಕಟಿಸಿದ ಒಂದು ಸಂಗತಿಯೇ ಸಾಕ್ಷಿಯಾಗಿದೆ. ವಿಯಟ್ನಾಮಿನಿಂದ ಕೊಲೋನ್-ಬಾನ್ ವಿಮಾನ ನಿಲ್ದಾಣಕ್ಕೆ ಬಂದ ಒಂದು ಪಾರ್ಸೆಲಿನಲ್ಲಿ ಏಳು ಕಿಲೋಗ್ರಾಂ ತಿಂಡಿ ಇರುವುದಾಗಿ ಕಾಗದಗಳು ಹೇಳುತ್ತಿದ್ದುವು. ಆದರೆ ಅದರಿಂದ ಬರುತ್ತಿದ್ದ ವಾಸನೆಯು ತಿಂಡಿಯದಾಗಿರಲಿಲ್ಲ. ಬಿಚ್ಚಿ ನೋಡಲಾಗಿ, ಚಾಕೊಲೇಟ್ ಕೇಕಿನ ಡಬ್ಬಿಗಳೊಳಗೆ ಸುಮಾರು ೧,೫೦೦ ಪ್ಲಾಸ್ಟಿಕ್ ಕುಪ್ಪಿಗಳೂ, ಒಂದೊಂದರೊಳಗೂ ಟರಂಟುಲಾ ಎಂಬ ದೊಡ್ಡ ಜೇಡದ ಒಂದೊಂದು ಮರಿಯೂ ಇದ್ದುವು. ಅನೇಕ ಮರಿಗಳು ದಾರಿಯಲ್ಲಿಯೇ ಸತ್ತಿದ್ದುವು.

ಇದು ದೂರದೇಶದ ವಿಚಿತ್ರ ವರ್ತಮಾನವೆಂದು ವಾಚಕರು ತಳ್ಳಿಹಾಕಲಾಗದು. ೨೦೨೧ನೆಯ ಇಸವಿ ಜುಲೈಯಲ್ಲಿ ನಮ್ಮ ನೆರೆಯ ಚೆನ್ನೈ ಪಟ್ಟಣದ ವಿದೇಶೀ ಅಂಚೆ ಕಚೇರಿಯಲ್ಲಿಯೂ ಇಂತಹುದೇ ಒಂದು ಪೆಟ್ಟಿಗೆ ಸಿಕ್ಕಿತು. ಪೋಲೆಂಡಿನಿಂದ ತಮಿಳುನಾಡಿನ ವಿಳಾಸಕ್ಕೆ ಬಂದಿದ್ದ ಆ ಥರ್ಮೊಕೋಲ್ ಪೆಟ್ಟಿಗೆಯಲ್ಲಿ, ಬೆಳ್ಳಿಯ ಹಾಳೆ ಮತ್ತು ಹತ್ತಿಗಳಲ್ಲಿ ಸುತ್ತಿದ ೧೦೭ ಸೀಸೆಗಳಿದ್ದುವು. ಪ್ರತಿಯೊಂದರಲ್ಲಿಯೂ ಒಂದು ಜೀವಂತ ಜೇಡ. ಆಮದಿನ ಪರವಾನಗಿಯಾಗಲಿ ಆರೋಗ್ಯದ ಪತ್ರವಾಗಲಿ ಇಲ್ಲದ್ದರಿಂದ ಅವನ್ನು ವಶಪಡಿಸಿಕೊಂಡು, ಬಂದ ದೇಶಕ್ಕೇ ಹಿಂದಿರುಗಿಸಲು ಅಂಚೆಯವರ ಕೈಗೆ ಕೊಡಲಾಯಿತು. ೨೦೨೪ನೆಯ ನವೆಂಬರಿನಲ್ಲಿ ಪೆರು ದೇಶದ ಲಿಮಾ ವಿಮಾನ ನಿಲ್ದಾಣದಲ್ಲಿ ಒಬ್ಬ ಪ್ರಯಾಣಿಕನು ೩೨೦ ಜೇಡಗಳನ್ನು ಮೈಗೇ ಕಟ್ಟಿಕೊಂಡು ಹೊರಟು ಸಿಕ್ಕಿಬಿದ್ದನು. ಬೆಕ್ಕಿಗೆ ಚೆಲ್ಲಾಟ, ಇಲಿಗೆ ಪ್ರಾಣಸಂಕಟ ಎಂಬ ನಮ್ಮ ಗಾದೆಯು ಇಲ್ಲಿ ಜೇಡಕ್ಕೂ ಸಲ್ಲುತ್ತದೆ.

ಮೊದಲು ಈ ಪ್ರಾಣಿಯ ಪರಿಚಯವಾಗಲಿ. ಟರಂಟುಲಾ ಎಂಬ ಹೆಸರು ಇಟಲಿಯ ಟರಾಂಟೊ ಎಂಬ ಊರಿನಿಂದ ಬಂದುದು. ಅಲ್ಲಿ ಆ ಹೆಸರನ್ನು ಪಡೆದ ಜೇಡವು ಬೇರೆಯೇ ಒಂದು ಜಾತಿ. ಈಗ ಈ ಹೆಸರಿನಿಂದ ಕರೆಯಲ್ಪಡುವವುಗಳು ಮೈತುಂಬ ರೋಮವುಳ್ಳ, ನಿಧಾನವಾಗಿ ಬೆಳೆಯುವ, ದೀರ್ಘಾಯುವಾದ ದೊಡ್ಡ ಜೇಡಗಳು. ಕೆಲವು ಜಾತಿಗಳಲ್ಲಿ ಹೆಣ್ಣು ಇಪ್ಪತ್ತು ವರ್ಷಗಳಿಗೂ ಮೇಲ್ಪಟ್ಟು ಬದುಕುತ್ತದೆ. ಗಂಡಿನ ಆಯುಸ್ಸು ಇದಕ್ಕಿಂತ ಬಹಳ ಕಡಮೆ. ನಮ್ಮ ನಾಡಿಗೆ ಇವು ಪರಕೀಯವಲ್ಲ. ಪೀಸಿಲೋಥೀರಿಯಾ ಎಂಬ ಕುಲದ, ಮರದ ಪೊಟರೆಗಳಲ್ಲಿ ವಾಸಿಸುವ ಚಿತ್ರವರ್ಣದ ಜೇಡಗಳು ಪ್ರಪಂಚದಲ್ಲಿ ಭಾರತ ಮತ್ತು ಶ್ರೀಲಂಕಾಗಳಲ್ಲಿ ಮಾತ್ರ ಇವೆ. ಅವುಗಳಲ್ಲೊಂದಕ್ಕೆ ಮೈಸೂರಿನ ಹೆಸರೇ ಇದೆ. ೧೮೯೫ರಲ್ಲಿ ಆಂಗ್ಲ ಶಾಸ್ತ್ರಜ್ಞ ಪೊಕಾಕನು ಅದನ್ನು ವರ್ಣಿಸಿದನು. ಶ್ರೀಕಾಳಹಸ್ತಿಯ ಸ್ಥಳಪುರಾಣದಲ್ಲಿ ಜೇಡವು ಶಿವಭಕ್ತರ ಸಾಲಿನಲ್ಲಿ ಹಾವು ಆನೆಗಳಿಗೆ ಸಮನಾಗಿ ನಿಂತಿದೆ. ಬಲೆ ನೇಯುವ ಈ ಜೀವಿಯನ್ನು ನಮ್ಮ ಹಿರಿಯರು ಹೇಸಿ ದೂರ ಮಾಡಿದವರಲ್ಲ.

ಹೊರದೇಶಗಳ ಸಂತೆಯಲ್ಲಿ ಅತಿ ಹೆಚ್ಚು ಹೆಸರಾದ ಜೇಡವೂ ನಮ್ಮ ದಕ್ಖಣದ್ದೇ. ನೀಲಮಣಿಯ ಬಣ್ಣದ ಆ ಜೇಡಕ್ಕೆ ವ್ಯಾಪಾರಿಗಳು ಗುತ್ತಿಯ ಹೆಸರನ್ನಿಟ್ಟಿದ್ದಾರೆ. ಅನಂತಪುರ ಜಿಲ್ಲೆಯ ಗುತ್ತಿಯ ರೈಲ್ವೆ ಮರದ ಕೊಟ್ಟಿಗೆಯಲ್ಲಿ ಸಿಕ್ಕಿದ ಒಂದು ಜೇಡವನ್ನು ನೋಡಿ ಪೊಕಾಕನು ೧೮೯೯ರಲ್ಲಿ ಅದನ್ನು ವರ್ಣಿಸಿದನು. ಅನಂತರ ನೂರೆರಡು ವರ್ಷಗಳ ಕಾಲ ಅದನ್ನು ಕಂಡವರಾರೂ ದಾಖಲೆಯಿಟ್ಟಿಲ್ಲ. ೨೦೦೧ರಲ್ಲಿ ನಂದ್ಯಾಲ ಗಿದ್ದಲೂರುಗಳ ನಡುವಣ ಕಾಡಿನಲ್ಲಿ ಅದು ಮತ್ತೆ ಕಂಡಿತು. ಗುತ್ತಿಯಲ್ಲಿ ಸಿಕ್ಕಿದ ಮೊದಲನೆಯ ಜೇಡವು ಸೌದೆಯೊಡನೆ ರೈಲಿನಲ್ಲಿ ಅಲ್ಲಿಗೆ ಬಂದಿದ್ದಿರಬೇಕೆಂದು ಬಲ್ಲವರು ಊಹಿಸುತ್ತಾರೆ. ಅಂದರೆ, ಈ ಜಾತಿಯು ಶಾಸ್ತ್ರಕ್ಕೆ ಪರಿಚಯವಾದದ್ದೇ ಬೇಡದ ಪ್ರಯಾಣವೊಂದರಿಂದ. ಅದು ಇರುವ ಕಾಡಿನ ವಿಸ್ತಾರವು ನೂರು ಚದರ ಕಿಲೋಮೀಟರಿಗೂ ಕಡಮೆ. ಆದಕಾರಣ ಪ್ರಕೃತಿ ಸಂರಕ್ಷಣೆಯ ಅಂತರರಾಷ್ಟ್ರೀಯ ಸಂಸ್ಥೆಯು ೨೦೦೮ರಲ್ಲಿ ಅದನ್ನು ಅಳಿವಿನ ಅಂಚಿನಲ್ಲಿರುವ ಜೀವಿಗಳ ಪಟ್ಟಿಗೆ ಸೇರಿಸಿತು. ಹೀಗಿದ್ದರೂ, ಮತ್ತೆ ಕಂಡ ಕೆಲವೇ ವರ್ಷಗಳಲ್ಲಿ ಅದರ ಮರಿಗಳು ಯೂರೋಪು ಅಮೆರಿಕಗಳ ಅಂಗಡಿಗಳಲ್ಲಿ ಬೆಲೆಗೆ ಬಂದುವು!

೨೦೧೯ನೆಯ ಆಗಸ್ಟಿನಲ್ಲಿ ಜಿನೀವಾದಲ್ಲಿ ನಡೆದ ಸೈಟ್ಸ್ ಒಪ್ಪಂದದ ಸಮ್ಮೇಳನವು ಈ ಕುಲವನ್ನೆಲ್ಲ ತನ್ನ ಎರಡನೆಯ ಅನುಬಂಧಕ್ಕೆ ಸೇರಿಸಿತು. ಅದೇ ವರ್ಷ ನವೆಂಬರ್ ೨೬ರಿಂದ ಅದು ಜಾರಿಗೆ ಬಂದಿತು. ಈ ಸೂಚನೆಯನ್ನು ತಂದವರು ಶ್ರೀಲಂಕಾ ಮತ್ತು ಅಮೆರಿಕದ ಸರಕಾರಗಳು. ಅಂದಿನಿಂದ ಪರವಾನಗಿಯಿಲ್ಲದೆ ಈ ಜೇಡವು ಯಾವ ದೇಶದ ಗಡಿಯನ್ನೂ ದಾಟುವಂತಿಲ್ಲ. ಆದರೆ ಈ ಕುಲವೊಂದರಿಂದಲೇ ಸಮಸ್ಯೆಯು ಮುಗಿಯುವುದಿಲ್ಲ. ಜೇಡ ಚೇಳುಗಳ ವ್ಯಾಪಾರವನ್ನು ಪರಿಶೀಲಿಸಿ ೨೦೨೨ರಲ್ಲಿ ಪ್ರಕಟವಾದ ಒಂದು ಸಂಶೋಧನೆಯು, ೧,೨೬೪ ಜಾತಿಗಳು ಮಾರಾಟದಲ್ಲಿವೆಯೆಂದೂ ಅವುಗಳಲ್ಲಿ ಬಹುಭಾಗವು ಕಾಡಿನಿಂದ ಹಿಡಿದವೆಂದೂ ತೋರಿಸಿಕೊಟ್ಟಿತು. ಒಪ್ಪಂದದ ಪಟ್ಟಿಯಲ್ಲಿರುವವಾದರೋ ಅವುಗಳಲ್ಲಿ ಬೆರಳೆಣಿಕೆಯಷ್ಟು.

ಇನ್ನು ಪ್ರಯಾಣದ ವಿಷಯ. ಜೇಡವು ಬಿರುಸಾದ ಪ್ರಾಣಿಯೆಂದು ಜನರು ತಿಳಿದಿದ್ದಾರೆ, ಅದು ತಪ್ಪು. ಅದರ ಹೊಟ್ಟೆಯ ಚೀಲವು ತೆಳುವಾದ ಚರ್ಮದ್ದು. ಒಂದು ಮೊಳದೆತ್ತರದಿಂದ ಬಿದ್ದರೂ ಅದು ಬಿರಿದು, ರಕ್ತದಂತಹ ದ್ರವವು ಸುರಿದುಹೋಗಿ ಪ್ರಾಣಿಯು ಸಾಯಬಹುದು. ಅದು ಕಾಲನ್ನು ಮಡಿಸುವುದು ಸ್ನಾಯುಗಳಿಂದಾದರೂ ಚಾಚುವುದು ಆ ದ್ರವದ ಒತ್ತಡದಿಂದ. ಮೈಯ ನೀರು ಆರಿದರೆ ಒತ್ತಡ ಕುಗ್ಗಿ, ಕಾಲುಗಳು ಹೊಟ್ಟೆಯಡಿ ಮುದುರಿಕೊಳ್ಳುತ್ತವೆ. ಉಸಿರಾಟಕ್ಕೆ ಅದಕ್ಕಿರುವುದು ಪುಸ್ತಕದ ಹಾಳೆಗಳಂತೆ ಪದರಪದರವಾದ ಎರಡು ಜೊತೆ ಶ್ವಾಸಕೋಶಗಳು. ಈ ಮೂರು ಸಂಗತಿಗಳನ್ನು ತಿಳಿದವನಿಗೆ, ದಾರಿಯಲ್ಲಿ ಜೇಡವು ಏಕೆ ಸಾಯುತ್ತದೆಂಬುದು ತಾನಾಗಿಯೇ ತಿಳಿಯುತ್ತದೆ. ಅಲುಗಾಟ, ಒಣಗು, ಉಸಿರುಕಟ್ಟು, ಇವುಗಳ ಮೇಲೆ ಬಿಸಿಲು ಮತ್ತು ಚಳಿ.

ಆದಕಾರಣ, ನ್ಯಾಯವಾಗಿ ವ್ಯಾಪಾರ ಮಾಡುವ ದೇಶಗಳ ಅನುಭವಸ್ಥರು ಅನುಸರಿಸುವ ಕ್ರಮವು ಹೀಗಿದೆ. ಒಂದು ಡಬ್ಬಿಗೆ ಒಂದೇ ಜೇಡ. ಎರಡನ್ನು ಕೂಡಿಸಿದರೆ ಒಂದು ಇನ್ನೊಂದನ್ನು ತಿನ್ನುವುದು. ಡಬ್ಬಿಯು ಜೇಡಕ್ಕೆ ಹಿಡಿಸುವಷ್ಟೇ ದೊಡ್ಡದಾಗಿರಬೇಕು, ಒಳಗೆ ಓಡಾಡುವಷ್ಟು ವಿಶಾಲವಾಗಿರಬಾರದು. ಒಳಗೋಡೆಗೆ ಮೃದುವಾದ ಹೀರುಕಾಗದವನ್ನು ಹಾಸಿ, ಜೇಡದ ಸುತ್ತಲೂ ಹಗುರವಾಗಿ ತುಂಬಿ, ಅದು ಅತ್ತಿತ್ತ ಉರುಳದಂತೆ ಮಾಡಬೇಕು. ಕಾಗದವು ತೇವವಾಗಿರಲಿ, ನೀರು ತೊಟ್ಟಿಕ್ಕುವಷ್ಟು ಒದ್ದೆಯಾಗಿರಬಾರದು. ಮುಚ್ಚಳಕ್ಕೆ ಸಣ್ಣ ರಂಧ್ರಗಳಿರಬೇಕು. ಆ ಡಬ್ಬಿಯನ್ನು ಥರ್ಮೊಕೋಲ್ ಹೊದಿಸಿದ ಗಟ್ಟಿ ಪೆಟ್ಟಿಗೆಯಲ್ಲಿಟ್ಟು, ಸುತ್ತಲೂ ಕಾಗದದ ಉಂಡೆಗಳನ್ನು ತುಂಬಬೇಕು. ಪೊರೆ ಬಿಡುವ ಸಮಯ ಹತ್ತಿರವಾಗಿರುವ, ಅಥವಾ ಆಗತಾನೆ ಪೊರೆ ಬಿಟ್ಟು ಮೈ ಮೆತ್ತಗಿರುವ ಜೇಡವನ್ನು ಯಾವ ಕಾರಣಕ್ಕೂ ಕಳುಹಿಸಲಾಗದು. ಹೊರಡುವ ಮೊದಲು ಕೆಲವು ದಿನ ಆಹಾರವನ್ನು ನಿಲ್ಲಿಸುವುದೂ ಒಳ್ಳೆಯದು. ಉಬ್ಬಿದ ಹೊಟ್ಟೆಯು ಬೇಗ ಒಡೆಯುತ್ತದೆ.

ಹವೆಯ ವಿಚಾರದಲ್ಲಿ ಇನ್ನೂ ಹೆಚ್ಚು ಎಚ್ಚರಿಕೆ ಬೇಕು. ಚಳಿದೇಶಗಳಲ್ಲಿ, ಕಬ್ಬಿಣದ ಪುಡಿಯು ಗಾಳಿಯೊಡನೆ ಕೂಡಿ ಬಿಸಿಯಾಗುವ ಪೊಟ್ಟಣವನ್ನು ಪೆಟ್ಟಿಗೆಯೊಳಗಿಡುವ ರೂಢಿಯುಂಟು. ಪೆಟ್ಟಿಗೆಯನ್ನು ಗಾಳಿಯಾಡದಂತೆ ಬಿಗಿದರೆ ಅದು ಆರಿಹೋಗುತ್ತದೆ. ಡಬ್ಬಿಗೆ ತಾಗಿಸಿಟ್ಟರೆ ಜೇಡವನ್ನು ಬೇಯಿಸುತ್ತದೆ. ನಮ್ಮ ನಾಡಿನಂತಹ ಕಡೆಗಳಲ್ಲಿ ಭಯವು ವಿಪರೀತವಾದುದು. ಏಪ್ರಿಲ್ ಮೇ ತಿಂಗಳ ಮಧ್ಯಾಹ್ನದಲ್ಲಿ ಮುಚ್ಚಿದ ಗಾಡಿಯೊಳಗೆ ನಿಲ್ಲಿಸಿದ ಪೆಟ್ಟಿಗೆಯು ಒಲೆಯಂತಾಗುವುದು. ಅಂತಹ ಕಾಲದಲ್ಲಿ ಕಳುಹಿಸದೆ ಇರುವುದೇ ವಿವೇಕ. ವಾರದ ಆರಂಭದಲ್ಲಿ ರವಾನಿಸಿದರೆ ಭಾನುವಾರದ ರಜೆಯಲ್ಲಿ ಪೆಟ್ಟಿಗೆಯು ಉಗ್ರಾಣದಲ್ಲಿ ಬಿದ್ದಿರುವುದು ತಪ್ಪುತ್ತದೆ. ಪಡೆಯುವವನು ಕಚೇರಿಗೇ ಹೋಗಿ ತೆಗೆದುಕೊಂಡರೆ, ಬೀಗ ಹಾಕಿದ ಮನೆಯ ಬಿಸಿಲಿನ ಜಗಲಿಯ ಮೇಲೆ ಅದು ಕಾಯುವುದೂ ತಪ್ಪುತ್ತದೆ. ಈ ಕ್ರಮಗಳಲ್ಲಿ ಒಂದೂ ದುಬಾರಿಯಾದುದಲ್ಲ. ಆದರೆ ಕೇಕಿನ ಡಬ್ಬಿಯಲ್ಲಿ ಬಚ್ಚಿಟ್ಟು ಕಳುಹಿಸುವವನು ಇವುಗಳಲ್ಲಿ ಒಂದನ್ನೂ ಪಾಲಿಸಲಾರನು. ಏತಕ್ಕೆಂದರೆ, ಗಾಳಿಗಾಗಿ ತೆರೆದ ರಂಧ್ರವೂ "ಜೀವಂತ ಪ್ರಾಣಿ" ಎಂಬ ಚೀಟಿಯೂ ಅವನ ಗುಟ್ಟನ್ನು ಬಯಲು ಮಾಡುತ್ತವೆ. ಕಳ್ಳಸಾಗಣೆಯ ಕ್ರೌರ್ಯವು ಕಾನೂನಿನ ಭಂಗದಲ್ಲಿ ಮಾತ್ರವಲ್ಲ, ಈ ಮುಚ್ಚುಮರೆಯಲ್ಲಿಯೇ ಇದೆ.

ಟಪಾಲಿನ ನಿಯಮವನ್ನೂ ವಾಚಕರು ತಿಳಿದಿರುವುದು ಒಳ್ಳೆಯದು. ವಿಶ್ವ ಅಂಚೆ ಒಕ್ಕೂಟದ ಒಡಂಬಡಿಕೆಯು ಜೀವಂತ ಪ್ರಾಣಿಗಳನ್ನು ಸಾಮಾನ್ಯವಾಗಿ ಟಪಾಲಿನಿಂದ ಹೊರಗಿಟ್ಟಿದೆ. ಕಾಗದ ಪತ್ರಗಳ ಟಪಾಲಿನಲ್ಲಿ ಅದು ವಿನಾಯಿತಿ ಕೊಟ್ಟಿರುವುದು ಜೇನುಹುಳು, ಜಿಗಣೆ, ರೇಷ್ಮೆಹುಳು ಮುಂತಾದ ಕೆಲವಕ್ಕೆ ಮಾತ್ರ. ರೇಷ್ಮೆಯ ನಾಡಿನವರಾದ ನಮಗೆ ಇದರ ತಾತ್ಪರ್ಯವು ಸ್ಪಷ್ಟವಾಗಿದೆ. ಕೃಷಿಗೂ ವೈದ್ಯಕ್ಕೂ ಶಾಸ್ತ್ರಕ್ಕೂ ಬೇಕಾದ ಹುಳುವಿಗೆ ದಾರಿಯುಂಟು. ವಿನೋದಕ್ಕೆ ಬೇಕಾದ ಜೇಡಕ್ಕೆ ಇಲ್ಲ. ವಿಮಾನದಲ್ಲಿ ಸಾಗಿಸುವುದಾದರೆ ಅಂತರರಾಷ್ಟ್ರೀಯ ವಿಮಾನ ಸಾರಿಗೆ ಸಂಘವು ಜೀವಂತ ಪ್ರಾಣಿಗಳಿಗಾಗಿ ಮಾಡಿರುವ ನಿಯಮಾವಳಿಯಿದೆ. ಪ್ರಾಣಿಗೆ ತಕ್ಕ ಪೆಟ್ಟಿಗೆ, ಹೊರಗಡೆ ಸ್ಪಷ್ಟವಾದ ಗುರುತು, ಜೊತೆಯಲ್ಲಿ ಕಾಗದಪತ್ರ, ಇವೆಲ್ಲ ಅದರಲ್ಲಿ ವಿಧಿಸಲ್ಪಟ್ಟಿವೆ.

ಪ್ರಯಾಣವು ಮುಗಿದೊಡನೆ ಕಷ್ಟವು ಮುಗಿಯುವುದಿಲ್ಲ. ಹೊಸದಾಗಿ ಬಂದ ಜೇಡವನ್ನು ನೆಲೆಗೊಳಿಸುವುದರಲ್ಲಿ ಸಾಕುವವರು ಮಾಡುವ ಮೊದಲನೆಯ ತಪ್ಪು ಆತುರ. ಮನೆಯು ಮೊದಲೇ ಸಿದ್ಧವಾಗಿರಬೇಕು. ಪೆಟ್ಟಿಗೆ ಬಂದ ಮೇಲೆ ಗಾಜಿನ ತೊಟ್ಟಿಯನ್ನು ಹುಡುಕುವುದು, ಬೆಂಕಿ ಬಿದ್ದಾಗ ಬಾವಿ ತೋಡಿದಂತೆ. ನೆಲದಲ್ಲಿ ಬಿಲ ತೋಡುವ ಜಾತಿಗೆ ತೆಂಗಿನ ನಾರಿನ ಪುಡಿಯನ್ನೋ ಮಣ್ಣನ್ನೋ ಆಳವಾಗಿ ತುಂಬಬೇಕು. ಆ ಹಾಸಿನಿಂದ ಮುಚ್ಚಳದವರೆಗಿನ ಎತ್ತರವು ಕಾಲು ಚಾಚಿದ ಜೇಡದ ಅಗಲಕ್ಕೆ ಒಂದೂವರೆ ಪಾಲನ್ನು ಮೀರಬಾರದು. ತೊಟ್ಟಿಯು ಎತ್ತರವಾದಷ್ಟೂ ಬೀಳುವ ಅಪಾಯ ಹೆಚ್ಚು. ನಮ್ಮ ಗುತ್ತಿಯ ಜೇಡದಂತೆ ಮರದಲ್ಲಿ ವಾಸಿಸುವ ಜಾತಿಗೆ ಇದಕ್ಕೆ ವ್ಯತಿರಿಕ್ತವಾಗಿ ಎತ್ತರವಾದ ಪೆಟ್ಟಿಗೆಯೂ, ಅಡಗಲು ನಿಲ್ಲಿಸಿದ ತೊಗಟೆಯ ಕೊಳವೆಯೂ, ಎರಡು ಕಡೆ ಗಾಳಿಯಾಡುವ ರಂಧ್ರಗಳೂ ಬೇಕು. ಎರಡಕ್ಕೂ ಆಳವಿಲ್ಲದ ನೀರಿನ ಬಟ್ಟಲು ಅವಶ್ಯಕ. ಮನುಷ್ಯನಿಗೆ ಹಿತವಾದ ಕೊಠಡಿಯ ಹವೆಯೇ ಬಹುತೇಕ ಜಾತಿಗಳಿಗೂ ಸಾಕು. ಕಿಟಕಿಯ ಬಿಸಿಲು ಮಾತ್ರ ತಾಗಕೂಡದು.

ಪೆಟ್ಟಿಗೆಯನ್ನು ಶಾಂತವಾದ ಕೊಠಡಿಯಲ್ಲಿ, ಬಾಗಿಲು ಮುಚ್ಚಿ, ನೆಲಕ್ಕೆ ಹತ್ತಿರವಾಗಿ ಬಿಚ್ಚಬೇಕು. ಡಬ್ಬಿಯನ್ನು ಹೊಸ ಮನೆಯೊಳಗಿಟ್ಟೇ ಮುಚ್ಚಳ ತೆಗೆದು, ಕಾಗದವನ್ನು ಇಕ್ಕುಳದಿಂದ ನಿಧಾನವಾಗಿ ಬಿಡಿಸಿ, ಅದು ತಾನಾಗಿ ಹೊರಬರುವವರೆಗೆ ಕಾಯಬೇಕು. ಅಗತ್ಯಬಿದ್ದರೆ ಮೆತ್ತನೆಯ ಕುಂಚದಿಂದ ಹಿಂಗಾಲನ್ನು ಮುಟ್ಟಿದರೆ ಸಾಕು; ಕೈಯಿಂದ ಎತ್ತುವುದಾಗಲಿ ಊದುವುದಾಗಲಿ ಕೂಡದು. ಮೊದಲ ವಾರದಲ್ಲಿ ಅದಕ್ಕೆ ಬೇಕಾದುದು ನೀರು, ಕತ್ತಲೆ ಮತ್ತು ಏಕಾಂತ. ಕೆಲವು ಜೇಡಗಳು ಗೋಡೆಗಳ ಮೇಲೆಲ್ಲಾ ಅಲೆಯುತ್ತವೆ, ಕೆಲವು ಮೂಲೆಯಲ್ಲಿ ಮುದುಡಿ ಕುಳಿತಿರುತ್ತವೆ. ಇವೆರಡೂ ಹೊಸ ಊರಿಗೆ ಬಂದವರ ಸ್ವಭಾವವೇ ಹೊರತು ರೋಗವಲ್ಲ. ಐದಾರು ದಿನಗಳು ಕಳೆದ ಮೇಲೆ, ಅದರ ದೇಹಕ್ಕಿಂತ ಚಿಕ್ಕದಾದ ಒಂದು ಮಿಡತೆಯನ್ನೋ ಜಿರಳೆಯನ್ನೋ ಬಿಟ್ಟು ನೋಡಬಹುದು. ಒಂದು ದಿನದೊಳಗೆ ಹಿಡಿಯದಿದ್ದರೆ ಅದನ್ನು ತೆಗೆದುಬಿಡಬೇಕು. ಜೇಡವು ಬೆನ್ನಡಿಯಾಗಿ ಮಲಗಿದ್ದರೆ ಸತ್ತಿತೆಂದು ಭಾವಿಸಿ ಹೊರಗೆಸೆಯುವವರುಂಟು. ಅದು ಪೊರೆ ಬಿಡುವ ಭಂಗಿ. ಆ ಸಮಯದಲ್ಲಿ ಮುಟ್ಟಿದರೂ, ಒಂದು ಮಿಡತೆಯು ಕಚ್ಚಿದರೂ, ಅದಕ್ಕೆ ಮರಣವೇ ಸರಿ. ಪೊರೆ ಬಿಟ್ಟ ಮೇಲೆಯೂ ಹಲ್ಲುಗಳು ಗಟ್ಟಿಯಾಗುವವರೆಗೆ, ಎಂದರೆ ಒಂದೆರಡು ವಾರ, ಆಹಾರ ಕೊಡಲಾಗದು.

ಸಾಕುವವನ ಕ್ಷೇಮವೂ ವಿಚಾರಾರ್ಹವಾದುದು. ಅಮೆರಿಕ ಖಂಡಗಳ ಬಹುತೇಕ ಜಾತಿಗಳು ಹೆದರಿದಾಗ ಹೊಟ್ಟೆಯ ಮೇಲಣ ಮುಳ್ಳುರೋಮಗಳನ್ನು ಹಿಂಗಾಲಿನಿಂದ ಕೆದರಿ ಎರಚುತ್ತವೆ. ಅವು ಚರ್ಮದಲ್ಲಿ ತುರಿಕೆಯನ್ನುಂಟುಮಾಡುತ್ತವೆ. ಕಣ್ಣಿಗೆ ಹೊಕ್ಕರೆ ತಿಂಗಳುಗಟ್ಟಲೆ ವೈದ್ಯರ ಚಿಕಿತ್ಸೆ ಬೇಕಾಗುವುದು. ನಮ್ಮ ಕಡೆಯ ಜಾತಿಗಳಿಗೆ ಈ ಆಯುಧವಿಲ್ಲ, ಆದರೆ ವೇಗವೂ ವಿಷವೂ ಹೆಚ್ಚು. ಪೀಸಿಲೋಥೀರಿಯಾ ಕಚ್ಚಿದರೆ ತೀವ್ರವಾದ ನೋವೂ, ಮಾಂಸಖಂಡಗಳ ಸೆಳೆತವೂ ದಿನಗಟ್ಟಲೆ ಬಾಧಿಸಬಹುದು. ಮಕ್ಕಳಿರುವ ಮನೆಯಲ್ಲಿ ಬೀಗವಿಲ್ಲದ ಪೆಟ್ಟಿಗೆಗೆ ಸ್ಥಳವಿಲ್ಲ. ಬೇಸರವಾದ ಮೇಲೆ ತೋಟಕ್ಕೆ ಬಿಟ್ಟುಬಿಡುವುದಂತೂ ಮಹಾಪರಾಧ. ಮೆಕ್ಸಿಕೋ ಕಡೆಯ ಒಂದು ಜಾತಿಯು ಅಮೆರಿಕದ ಫ್ಲಾರಿಡಾ ಪ್ರಾಂತದಲ್ಲಿ ಈ ವ್ಯಾಪಾರದ ಫಲವಾಗಿ ನೆಲೆಯೂರಿದೆಯೆಂದು ಅಲ್ಲಿನ ಶಾಸ್ತ್ರಜ್ಞರು ಭಾವಿಸುತ್ತಾರೆ.

ನಮ್ಮ ದೇಶದ ಕಾನೂನು ಈಗ ಏನು ಹೇಳುತ್ತದೆ? ವಿದೇಶಗಳಿಂದ ಜೀವಂತ ಪ್ರಾಣಿಗಳನ್ನು ತರಿಸಲು ವಿದೇಶ ವ್ಯಾಪಾರ ಮಹಾನಿರ್ದೇಶನಾಲಯದ ಪರವಾನಗಿಯೂ ಆರೋಗ್ಯ ಸಂಬಂಧವಾದ ಅನುಮತಿಯೂ ಬೇಕು. ೧೯೭೬ರಲ್ಲಿಯೇ ಭಾರತವು ಸೈಟ್ಸ್ ಒಪ್ಪಂದಕ್ಕೆ ಸೇರಿದ್ದರೂ, ಅದರ ಅನುಬಂಧಗಳು ನಮ್ಮ ವನ್ಯಜೀವಿ ಕಾಯಿದೆಯೊಳಗೆ ಬಂದುದು ೨೦೨೨ನೆಯ ತಿದ್ದುಪಡಿಯಿಂದ. ಅದು ಜಾರಿಯಾದುದು ೨೦೨೩ನೆಯ ಏಪ್ರಿಲ್ ೧ರಂದು. ಅದರ ನಾಲ್ಕನೆಯ ಅನುಸೂಚಿಯಲ್ಲಿರುವ ಜೀವಿಯನ್ನು ಇಟ್ಟುಕೊಂಡವರು ರಾಜ್ಯದ ಮುಖ್ಯ ವನ್ಯಜೀವಿ ಪಾಲಕರಿಗೆ ವರದಿಮಾಡಿ ನೋಂದಾಯಿಸಬೇಕೆಂದು ೨೦೨೪ರ ನಿಯಮಗಳು ವಿಧಿಸಿವೆ. ಊರು ಕೊಳ್ಳೆ ಹೊಡೆದ ಮೇಲೆ ಕೋಟೆಯ ಬಾಗಿಲು ಹಾಕಿದಂತಾಯಿತೆಂದು ಕೆಲವರು ಹೇಳಬಹುದು. ತಡವಾಗಿಯಾದರೂ ಬಾಗಿಲು ಬಿದ್ದಿತಲ್ಲಾ ಎಂದು ನಾವು ಸಮಾಧಾನಪಡುತ್ತೇವೆ. ಬಾಗಿಲಿಗೆ ಕಾವಲುಗಾರರಿದ್ದಾರೆಯೇ ಎಂಬುದು ಬೇರೆ ಪ್ರಶ್ನೆ.

ಸಾಕುವವರ ಪಕ್ಷದ ವಾದವನ್ನೂ ನಾವು ಅಲಕ್ಷಿಸಲಾರೆವು. ಗುತ್ತಿಯ ಜೇಡವು ಇಂದು ಹೊರದೇಶಗಳಲ್ಲಿ ಸಾಕಿದ ಜೇಡಗಳಿಂದಲೇ ಬೇಕಾದಷ್ಟು ಮರಿಯಾಗುತ್ತಿದೆ; ಆದಕಾರಣ ಕಾಡಿಗೆ ಕೈಹಾಕುವ ಅಗತ್ಯವೇ ಇಲ್ಲವೆಂದೂ, ಕಾಡು ನಾಶವಾದರೂ ಗಾಜಿನ ಮನೆಯಲ್ಲಿ ಜಾತಿಯು ಉಳಿಯುವುದೆಂದೂ ಅವರು ಹೇಳುತ್ತಾರೆ. ನಂದ್ಯಾಲದ ಕಾಡಿಗೆ ಮುಖ್ಯ ಶತ್ರುಗಳು ಮರಗಡಿತ ಮತ್ತು ಸೌದೆಯ ಸಂಗ್ರಹವೇ ಹೊರತು ಜೇಡ ಹಿಡಿಯುವವರು ಮಾತ್ರವಲ್ಲವೆಂಬುದೂ ನಿಜ. ಪರಂತು ಈ ವಾದದಲ್ಲಿ ಒಂದು ಲೋಪವಿದೆ. ಮರಿಯಿಂದ ಮರಿಯಾದ ಜೇಡಕ್ಕೂ ನಿನ್ನೆ ಪೊಟರೆಯಿಂದ ಕಿತ್ತುತಂದ ಜೇಡಕ್ಕೂ ಕಣ್ಣಿಗೆ ವ್ಯತ್ಯಾಸ ಕಾಣುವುದಿಲ್ಲ. ವ್ಯತ್ಯಾಸವನ್ನು ತೋರಿಸುವುದು ಕಾಗದಪತ್ರವೊಂದೇ. ಆ ಕಾಗದವನ್ನು ಕೇಳದೆ ಕೊಳ್ಳುವವನು, ತಾನು ಕಾಡನ್ನು ಮುಟ್ಟಿಲ್ಲವೆಂದು ಹೇಳುವಂತಿಲ್ಲ. ಗಾಜಿನ ಮನೆಯ ಜೇಡಗಳು ಎಷ್ಟೇ ಇರಲಿ, ಅವುಗಳಿಂದ ನಂದ್ಯಾಲದ ಒಂದು ಪೊಟರೆಯೂ ತುಂಬಿಲ್ಲವೆಂಬುದನ್ನೂ ಮರೆಯಬಾರದು.

ಆದುದರಿಂದ ನಮ್ಮ ಅಭಿಪ್ರಾಯವಿಷ್ಟು. ಹುಟ್ಟಿನ ದಾಖಲೆ, ಸರಿಯಾದ ಪ್ರಯಾಣ, ಸಿದ್ಧವಾದ ಮನೆ, ಈ ಮೂರೂ ಇಲ್ಲದೆ ಯಾರೂ ಜೇಡವನ್ನು ತರಿಸಲಾಗದು. ಇವುಗಳಲ್ಲಿ ಒಂದು ತಪ್ಪಿದರೂ ಆಸೆಯನ್ನು ಬಿಡುವುದೇ ಮೇಲು. ಜೇಡವನ್ನು ನೋಡುವ ಕುತೂಹಲವಿದ್ದವರಿಗೆ ಮಲೆನಾಡಿನ ಮಣ್ಣದಿಣ್ಣೆಗಳಲ್ಲಿಯೂ ಹಳೆಯ ಮರಗಳಲ್ಲಿಯೂ ನಮ್ಮವೇ ಜಾತಿಗಳಿವೆ. ಮಳೆಗಾಲದ ರಾತ್ರಿ ಒಂದು ದೀಪವನ್ನು ಹಿಡಿದು, ಕಾಡಿನವರ ಅನುಮತಿ ಪಡೆದು, ಮುಟ್ಟದೆ ನೋಡಿ ಬರುವುದಕ್ಕೆ ಖರ್ಚೇನೂ ಇಲ್ಲ.

ಸರಕಾರದವರಿಗೂ ಒಂದೆರಡು ಮಾತು. ಚೆನ್ನೈಯಲ್ಲಿ ಸಿಕ್ಕಿದ ೧೦೭ ಜೇಡಗಳಿಗೆ ಕಾನೂನು ವಿಧಿಸಿದುದು, ಬಂದ ದಾರಿಯನ್ನೇ ಮತ್ತೊಮ್ಮೆ ಹಿಡಿಯುವ ಶಿಕ್ಷೆಯನ್ನು. ಅಧಿಕಾರಿಗಳನ್ನು ನಾವು ದೂರುವುದಿಲ್ಲ. ಇದ್ದ ನಿಯಮದಂತೆ ಅವರು ನಡೆದರು. ಆದರೆ ವಶಪಡಿಸಿಕೊಂಡ ಸಣ್ಣ ಜೀವಿಗಳನ್ನು ಇರಿಸಿಕೊಳ್ಳಲು ಪ್ರತಿಯೊಂದು ದೊಡ್ಡ ಬಂದರು, ವಿಮಾನ ನಿಲ್ದಾಣ, ವಿದೇಶೀ ಅಂಚೆ ಕಚೇರಿಗಳ ಸಮೀಪದಲ್ಲಿ ಒಂದು ಸ್ಥಳವೂ, ಜೇಡದ ಜಾತಿಯನ್ನು ಗುರುತಿಸಬಲ್ಲ ಒಬ್ಬ ತಜ್ಞನನ್ನು ಕೂಡಲೇ ಕರೆಸುವ ಏರ್ಪಾಡೂ ಇರಬೇಕು. ಡಬ್ಬಿಯನ್ನು ಕುಲುಕಬಾರದು, ಬಿಸಿಲಿನಲ್ಲಿ ಇಡಬಾರದು, ಮುಚ್ಚಳವನ್ನು ಮೇಜಿನ ಮೇಲೆ ತೆರೆಯಬಾರದು ಎಂಬ ನಾಲ್ಕು ಸಾಲಿನ ಸೂಚನೆಯನ್ನು ಸುಂಕದ ಮತ್ತು ಅಂಚೆಯ ನೌಕರರಿಗೆ ಕೊಡಲು ಹೆಚ್ಚಿನ ಹಣ ಬೇಕಿಲ್ಲ. ನೋಂದಣಿಯ ಕೆಲಸವು ಸುಲಭವೂ ತ್ವರಿತವೂ ಆಗಿರಲಿ. ಪ್ರಾಮಾಣಿಕನಾದವನು ಕಚೇರಿಯಿಂದ ಕಚೇರಿಗೆ ಅಲೆಯಬೇಕಾದರೆ, ಅವನೂ ಮುಚ್ಚಿಡುವುದನ್ನು ಕಲಿಯುತ್ತಾನೆ.

ಒಂದು ಸಮಾಜದ ದಯೆಯನ್ನು ಅದು ಗೋವನ್ನು ನಡೆಸಿಕೊಳ್ಳುವ ರೀತಿಯಿಂದ ಅಳೆಯುವುದು ಸುಲಭ. ಗೋವು ಹಾಲು ಕೊಡುತ್ತದೆ. ಏನನ್ನೂ ಕೊಡದ, ನೋಡಿದವರು ಬೆಚ್ಚುವ, ಕೂಗಲು ಧ್ವನಿಯಿಲ್ಲದ ಪ್ರಾಣಿಯನ್ನು ಡಬ್ಬಿಯಲ್ಲಿ ತುಂಬುವ ಕೈಯು ಎಷ್ಟು ಎಚ್ಚರವಹಿಸುತ್ತದೆಂಬುದೇ ನಿಜವಾದ ಅಳತೆ. ಕಳುಹಿಸುವವರೂ ಪಡೆಯುವವರೂ ನಡುವೆ ಮುದ್ರೆಯೊತ್ತುವವರೂ ಇದನ್ನು ಮನಸ್ಸಿಗೆ ತಂದುಕೊಳ್ಳುವರೆಂದು ನಾವು ಆಶಿಸುತ್ತೇವೆ.